ನೋ ಮರ್ಸಿಯಲ್ಲಿ ಸೇವ್ ಹೋಯ್ತಾ? ಕಾರ್ಟ್ರಿಡ್ಜ್ ಬಿಚ್ಚೋಕೆ ಮುಂಚೆ ಇದನ್ನ ಓದಿ

ಹಳೇ ನಿಂಟೆಂಡೊ 64 ಹೊರಗೆ ತೆಗೆದು ಧೂಳು ಒರೆಸಿ, ಡಬ್ಲ್ಯುಡಬ್ಲ್ಯುಎಫ್ ನೋ ಮರ್ಸಿ ಅನ್ನೋ ಕುಸ್ತಿ ಗೇಮ್ ಮತ್ತೆ ಆಡೋಣ ಅಂತ ಕೂತವರು ಒಂದಲ್ಲ ಒಂದು ದಿನ ಈ ಜಾಗಕ್ಕೆ ಬಂದು ನಿಲ್ತಾರೆ. ಪವರ್ ಆನ್ ಮಾಡ್ತೀರ, ಟೈಟಲ್ ಬರುತ್ತೆ, ಮೆನು ಬರುತ್ತೆ, ಎಲ್ಲಾ ಸರಿಯಾಗೇ ಇದೆ. ಒಳಗೆ ಹೋಗಿ ನೋಡಿದ್ರೆ ನೀವು ರಾತ್ರಿ ಕೂತು ಬೂಟಿನ ಬಣ್ಣದಿಂದ ಹಿಡಿದು ಒಂದೊಂದು ಮೂವ್‌ವರೆಗೂ ಆರಿಸಿ ಕಟ್ಟಿದ ರೆಸ್ಲರ್ ಇಲ್ಲ, ಚಾಂಪಿಯನ್‌ಷಿಪ್ ಮೋಡ್‌ನಲ್ಲಿ ಗೆದ್ದಿದ್ದು ಇಲ್ಲ, ಸ್ಮ್ಯಾಕ್‌ಡೌನ್ ಮಾಲ್ ಅನ್ನೋ ಗೇಮ್ ಒಳಗಿನ ಅಂಗಡಿಯಲ್ಲಿ ದುಡ್ಡು ಕೊಟ್ಟು ಅನ್‌ಲಾಕ್ ಮಾಡಿದ್ದೂ ಇಲ್ಲ. ಪೆಟ್ಟಿಗೆಯಿಂದ ಈಗಷ್ಟೇ ತೆಗೆದ ಹಾಗೆ ಎಲ್ಲಾ ಹೊಸದು.

ಆಗ ಎಲ್ರ ತಲೆಗೂ ಮೊದಲು ಬರೋದು ಬ್ಯಾಟರಿ ಹೋಗಿದೆ ಅನ್ನೋದು. ನಂಗೂ ಅದೇ ಬಂದಿತ್ತು. ಬ್ಯಾಟರಿ ತಂದೆ, ಆ ವಿಚಿತ್ರ ತಲೆಯ ಸ್ಕ್ರೂಗೆ ಬೇಕಾದ ಬಿಟ್ ತರಿಸಿದೆ, ಕಾರ್ಟ್ರಿಡ್ಜ್ ಬಿಚ್ಚಿದೆ, ಒಳಗೆ ನೋಡಿದ್ರೆ ಬ್ಯಾಟರಿ ಹೋಗ್ಲಿ ಬ್ಯಾಟರಿ ಕೂರೋ ಜಾಗವೇ ಇಲ್ಲ. ಅವತ್ತಿಂದ ಯಾರು ಕೇಳಿದ್ರೂ ನಾನು ಹೇಳೋದು ಒಂದೇ: ಸ್ಕ್ರೂಡ್ರೈವರ್ ಕೆಳಗಿಡಿ, ಸೇವ್ ಯಾವಾಗ ಹೋಗುತ್ತೆ, ಹೇಗೆ ಹೋಗುತ್ತೆ ಅನ್ನೋದನ್ನ ಮೊದಲು ಒಂದು ವಾರ ನೋಡಿ. ದೋಷ ಯಾವುದು ಅನ್ನೋದು ಅದರಲ್ಲೇ ಮುಕ್ಕಾಲು ಪಾಲು ಗೊತ್ತಾಗುತ್ತೆ.

ಯಾವ ಗೇಮು, ಸೇವ್ ಎಲ್ಲಿ ಕೂರುತ್ತೆ

ಎಕೆಐ ಮತ್ತು ಆಸ್ಮಿಕ್ ಏಸ್ ಮಾಡಿ ಟಿಎಚ್‌ಕ್ಯು ಹೊರತಂದ ಆ ಕಾಲದ ಮೂರು ಗೇಮ್‌ಗಳನ್ನ ಜನ ಒಂದೇ ಸರಣಿ ಅಂತ ನೋಡ್ತಾರೆ, ಆಟದ ಕೈರುಚಿಯಲ್ಲಿ ಅದು ನಿಜಾನೇ. 1998ರ ಡಬ್ಲ್ಯುಸಿಡಬ್ಲ್ಯು/ಎನ್‌ಡಬ್ಲ್ಯುಒ ರಿವೆಂಜ್, 1999ರ ರೆಸಲ್‌ಮೇನಿಯಾ 2000, ಆಮೇಲೆ 2000ದ ನವೆಂಬರ್‌ನಲ್ಲಿ ಬಂದ ನೋ ಮರ್ಸಿ. ಆದ್ರೆ ಸೇವ್ ವಿಷಯಕ್ಕೆ ಬಂದ್ರೆ ಇವು ಒಂದೇ ಜಾತಿ ಅಲ್ಲ. ರಿವೆಂಜ್ ಮತ್ತು ರೆಸಲ್‌ಮೇನಿಯಾ 2000 ಎರಡರಲ್ಲೂ ಎಸ್‌ರ‍್ಯಾಮ್ ಚಿಪ್ ಇದೆ, ಕರೆಂಟ್ ಇಲ್ಲದಿದ್ರೆ ಅದು ಎಲ್ಲಾ ಮರೆತುಬಿಡುತ್ತೆ, ಅದಕ್ಕೇ ಪಕ್ಕದಲ್ಲಿ ಒಂದು 3 ವೋಲ್ಟ್‌ನ ನಾಣ್ಯದಂಥ ಬ್ಯಾಟರಿ ಕೂತು ಕನ್ಸೋಲ್ ಆಫ್ ಇದ್ದಾಗಲೂ ಅದನ್ನ ಎಚ್ಚರ ಇಟ್ಟಿರುತ್ತೆ. ನೋ ಮರ್ಸಿಯಲ್ಲಿ ಇರೋದು ಫ್ಲ್ಯಾಶ್‌ರ‍್ಯಾಮ್, 1 ಮೆಗಾಬಿಟ್, ಅಂದ್ರೆ 128 ಕಿಲೋಬೈಟ್. ಇದಕ್ಕೆ ಬ್ಯಾಟರಿ ಬೇಡ. ಪೆನ್‌ಡ್ರೈವ್ ಥರ, ಬರೆದಿದ್ದು ಹಾಗೇ ಉಳೀಬೇಕು.

ಹಾಗಾಗಿ ರೆಸಲ್‌ಮೇನಿಯಾ 2000ದಲ್ಲಿ ಸೇವ್ ಹೋದ್ರೆ ಬ್ಯಾಟರಿ ಮೇಲೆ ಅನುಮಾನ ಪಡೋದು ಸರಿ, ಕಾಲು ಶತಮಾನ ದಾಟಿದ ಬ್ಯಾಟರಿ ಅದು, ಇನ್ನೂ ಬದುಕಿದ್ರೆ ಅದೇ ದೊಡ್ಡದು. ನೋ ಮರ್ಸಿಯಲ್ಲಿ ಹೋದ್ರೆ ಕಾರಣ ಬೇರೆ ಕಡೆ ಹುಡುಕಬೇಕು.

ಒಂದು ವಾರದ ಪರೀಕ್ಷೆ

ಒಬ್ಬ ರೆಸ್ಲರ್‌ನ ಉಡುಪಿಗೆ ಯಾರೂ ಹಾಕದ ಬಣ್ಣ ಹಾಕಿ, ನಾನು ಅಂಡರ್‌ಟೇಕರ್‌ಗೆ ಕಡು ಗುಲಾಬಿ ಹಾಕಿದ್ದೆ, ಕಣ್ಣಿಗೆ ತಟ್ಟಂತ ಹೊಡೆಯುತ್ತೆ, ಸೇವ್ ಉಳಿದಿದೆಯಾ ಇಲ್ವಾ ಅಂತ ಎರಡು ಸೆಕೆಂಡಲ್ಲಿ ಗೊತ್ತಾಗುತ್ತೆ. ಸೇವ್ ಆಯ್ತು ಅಂತ ಬಂದಮೇಲೂ ನಿಧಾನವಾಗಿ ಹತ್ತು ಎಣಿಸಿ, ಆಮೇಲೆ ಆಫ್ ಮಾಡಿ. ಬರೀತಿರೋವಾಗ್ಲೇ ಪವರ್ ತೆಗೆದ್ರೆ ಯಾವ ಒಳ್ಳೇ ಚಿಪ್ಪಾದ್ರೂ ಅರ್ಧಂಬರ್ಧ ಬರೆದುಕೊಂಡು ಕೂರುತ್ತೆ, ಆಮೇಲೆ ನಿಮ್ಮ ಪರೀಕ್ಷೆಗೆ ಅರ್ಥಾನೇ ಇರಲ್ಲ.

ಈಗ ಒಂದು ನಿಮಿಷ ಬಿಟ್ಟು ಆನ್ ಮಾಡಿ ನೋಡಿ. ಆಮೇಲೆ ರಾತ್ರಿ ಪೂರ್ತಿ ಬಿಟ್ಟು ನೋಡಿ. ಆಮೇಲೆ ಕಾರ್ಟ್ರಿಡ್ಜ್ ಹೊರಗೆ ತೆಗೆದು ಮತ್ತೆ ಹಾಕಿ ನೋಡಿ. ಮಧ್ಯೆ ಮಾಮೂಲಿನಂತೆ ಆಡ್ತಾ ಇರಿ, ಪ್ರತಿ ಸಲ ಏನಾಯ್ತು ಅಂತ ಒಂದು ಚೀಟಿಯಲ್ಲಿ ಬರ್ಕೊಳ್ಳಿ. ನೆನಪನ್ನ ನಂಬ್ಕೋಬೇಡಿ, ಮೂರನೇ ದಿನಕ್ಕೆ ಯಾವುದು ಯಾವಾಗ ಅಂತ ಎಲ್ಲಾ ಕಲಸಿಹೋಗಿರುತ್ತೆ.

ಬ್ಯಾಟರಿ ಇರೋ ಗೇಮ್‌ನಲ್ಲಿ ಆಫ್ ಮಾಡಿದ ತಕ್ಷಣವೇ ಪ್ರತಿ ಸಲ ಹೋಗ್ತಿದ್ರೆ ಬ್ಯಾಟರಿ ಪೂರ್ತಿ ಸತ್ತಿದೆ. ಒಂದು ರಾತ್ರಿ ಉಳಿದು ನಾಲ್ಕು ದಿನಕ್ಕೆ ಹೋಗ್ತಿದ್ರೆ ಸಾಯೋ ಹಂತದಲ್ಲಿದೆ. ಯಾವ ಗೇಮೇ ಆಗ್ಲಿ, ಹಾಗೇ ಬಿಟ್ರೆ ಉಳಿಯುತ್ತೆ ಆದ್ರೆ ತೆಗೆದು ಹಾಕಿದಾಗ ಮಾತ್ರ ಕೆಡುತ್ತೆ ಅಂದ್ರೆ ಕನೆಕ್ಟರ್ ಕೊಳೆ ಹಿಡಿದಿರೋ ಸಾಧ್ಯತೆ ಜಾಸ್ತಿ. ನೋ ಮರ್ಸಿಯಲ್ಲಿ ಇಪ್ಪತ್ತು ಸಲ ಆನ್ ಆಫ್ ಮಾಡಿದ್ರೂ ಏನೂ ಆಗದೆ, ಎಲ್ಲಾ ಸರಿಹೋಯ್ತು ಅಂತ ನೀವು ನೆಮ್ಮದಿಯಾಗಿ ಚಾಂಪಿಯನ್‌ಷಿಪ್ ಮೋಡ್ ಶುರು ಮಾಡಿ ಅರ್ಧ ದಾರಿ ಬಂದಾಗ, ಯಾವ ಸುಳಿವೂ ಕೊಡದೆ ಒಂದೇ ಏಟಿಗೆ ಎಲ್ಲಾ ಅಳಿಸಿಹೋಗುತ್ತಲ್ಲ, ಅದು ಬೇರೆಯದೇ ಕಥೆ.

ಮೊದಲ ಬ್ಯಾಚಿನ ಬಗ್

ಅಮೆರಿಕದಲ್ಲಿ ಮೊದಲು ಮಾರಾಟಕ್ಕೆ ಬಂದ ನೋ ಮರ್ಸಿ ಕಾರ್ಟ್ರಿಡ್ಜ್‌ಗಳಲ್ಲಿ ಈ ದೋಷ ಹುಟ್ಟಿನಿಂದಲೇ ಇತ್ತು. ಸೇವ್ ಡೇಟಾ ಯಾವ ಲೆಕ್ಕಕ್ಕೂ ಸಿಗದ ಹಾಗೆ ಅಳಿಸಿಹೋಗಿ ಗೇಮ್ ಮೊದಲಿನ ಸ್ಥಿತಿಗೆ ಹೋಗಿಬಿಡೋದು. ಆಮೇಲೆ ಸರಿಪಡಿಸಿದ ಪರಿಷ್ಕರಣೆ ಬಂತು. ಅಂದ್ರೆ ಇದು ನಿಮ್ಮ ಕನ್ಸೋಲ್ ತಪ್ಪಲ್ಲ, ನೀವು ಆಫ್ ಮಾಡಿದ ರೀತಿಯ ತಪ್ಪಲ್ಲ, ಕೊಳೆಯೂ ಅಲ್ಲ. ತಿಂಗಳುಗಟ್ಟಲೆ ತನ್ನ ಕೈಯಿಂದಲೇ ಏನೋ ಹಾಳಾಯ್ತು ಅಂತ ಅಂದ್ಕೊಂಡು ಬೇಜಾರು ಮಾಡ್ಕೊಂಡವರನ್ನ ನೋಡಿದೀನಿ, ಅದಕ್ಕೇ ಇದನ್ನ ಒತ್ತಿ ಹೇಳ್ತಿರೋದು.

ನಿಮ್ಮ ಹತ್ರ ಇರೋದು ಯಾವುದು ಅಂತ ತಿಳಿಯೋಕೆ ಕಾರ್ಟ್ರಿಡ್ಜ್ ತಿರುಗಿಸಿ ಹಿಂದಿನ ಲೇಬಲ್ ನೋಡಿ, ಬೆಳಕಿಗೆ ಓರೆಯಾಗಿ ಹಿಡಿದ್ರೆ ಕಾಗದಕ್ಕೆ ಒತ್ತಿದ ಎರಡು ಅಂಕಿಯ ಸಣ್ಣ ಗುರುತು ಕಾಣುತ್ತೆ. ನಿಂಟೆಂಡೊ 64 ಕಾರ್ಟ್ರಿಡ್ಜ್‌ಗಳಲ್ಲಿ ಆ ಅಂಕಿಗಳ ಜೊತೆ ‘ಎ’ ಅನ್ನೋ ಇಂಗ್ಲಿಷ್ ಅಕ್ಷರ ಇದ್ರೆ ಸಾಮಾನ್ಯವಾಗಿ ಅದು ಆಮೇಲಿನ ಪರಿಷ್ಕರಣೆ. ಇದು ಸುಳಿವು ಅಷ್ಟೇ, ಸಾಕ್ಷಿ ಅಲ್ಲ, ಯಾಕಂದ್ರೆ ಇಷ್ಟು ವರ್ಷದಲ್ಲಿ ಎಷ್ಟೋ ಕಾರ್ಟ್ರಿಡ್ಜ್‌ಗಳ ಹೊರಗಿನ ಪ್ಲಾಸ್ಟಿಕ್ ಕವಚ ಬದಲಾಗಿರುತ್ತೆ, ಕೆಟ್ಟದ್ದರ ಕವಚ ತೆಗೆದು ಒಳ್ಳೇದಕ್ಕೆ ಹಾಕಿರ್ತಾರೆ. ಲೇಬಲ್ ಹೇಳೋದೂ ನಿಮ್ಮ ಚೀಟಿ ಹೇಳೋದೂ ಒಂದೇ ಆದ್ರೆ ನಂಬಿ. ಬೇರೆ ಬೇರೆ ಆದ್ರೆ ಚೀಟಿಯನ್ನೇ ನಂಬಿ.

ಬಗ್ ಇರೋ ಕಾರ್ಟ್ರಿಡ್ಜ್ ಅಂತ ಖಚಿತ ಆದ್ರೆ, ನೇರವಾಗೇ ಹೇಳ್ತೀನಿ, ಮನೇಲಿ ಕೂತು ರಿಪೇರಿ ಮಾಡೋಕೆ ಆಗಲ್ಲ. ಉಜ್ಜಿದ್ರೆ ಹೋಗೋದಲ್ಲ, ಬೆಸುಗೆ ಹಾಕಿದ್ರೆ ಹೋಗೋದಲ್ಲ. ಬದಲಾಯಿಸಿಕೊಡಿ ಅಂತ ಕೇಳೋಕೂ ಯಾರೂ ಉಳಿದಿಲ್ಲ, ಟಿಎಚ್‌ಕ್ಯು 2012ರ ಡಿಸೆಂಬರ್‌ನಲ್ಲಿ ದಿವಾಳಿ ಅರ್ಜಿ ಹಾಕಿ ಮುಂದಿನ ವರ್ಷ ಅದರ ಆಸ್ತಿಯೆಲ್ಲಾ ಹರಾಜಾಗಿ ಹಂಚಿಹೋಯ್ತು. ಇರೋ ದಾರಿ ಎರಡು. ಪರಿಷ್ಕೃತ ಕಾರ್ಟ್ರಿಡ್ಜ್ ಹುಡುಕಿ ತಗೊಳ್ಳೋದು, ಇಲ್ಲಾ ಸೇವ್‌ನ ಪ್ರತಿ ಆಗಾಗ ತೆಗೆದಿಟ್ಕೊಳ್ಳೋದು. ಕಾರ್ಟ್ರಿಡ್ಜ್ ರೀಡರ್ ಇದ್ರೆ 128 ಕಿಲೋಬೈಟ್‌ನ ಫೈಲ್ ಕಂಪ್ಯೂಟರ್‌ಗೆ ಬರುತ್ತೆ, ಅಳಿಸಿದಾಗ ವಾಪಸ್ ಬರೆದ್ರೆ ಮುಗೀತು. ಪ್ರತಿ ತೆಗೆದ ಮೇಲೆ ಫೈಲ್ ಒಳಗೆ ಒಂದು ಸಲ ಇಣುಕಿ ನೋಡಿ, ಮೊದಲಿಂದ ಕೊನೆವರೆಗೂ ಬರೀ ಎಫ್‌ಎಫ್ (ಏನೂ ಬರೆದಿಲ್ಲ ಅನ್ನೋ ಗುರುತು) ತುಂಬಿದ್ರೆ ನೀವು ಜೋಪಾನ ಮಾಡಿರೋದು ಖಾಲಿ ಚಿಪ್‌ನ. ರೀಡರ್ ಇಲ್ಲದವರಿಗೆ ಇನ್ನೊಂದು ಉಪಾಯ ಇದೆ, ಕೊನೇಲಿ ಹೇಳ್ತೀನಿ.

ಇನ್ನೊಂದು ಮಾತು. ಬಿಚ್ಚಿದಾಗ ನೋ ಮರ್ಸಿ ಒಳಗೆ ಬ್ಯಾಟರಿ *ಕಂಡ್ರೆ* ಅದು ಅಸಲಿ ಕಾರ್ಟ್ರಿಡ್ಜ್ ಅಲ್ಲ, ಯಾರೋ ಆಮೇಲೆ ಮಾಡಿದ ನಕಲು. ಅಂಥದ್ದರಲ್ಲಿ ಬ್ಯಾಟರಿ ಬದಲಿಸಿದ್ರೆ ಸರಿಹೋಗಬಹುದು, ಆದ್ರೆ ಅಸಲಿ ಅಂತ ದುಡ್ಡು ಕೊಟ್ಟಿದ್ರೆ ಬ್ಯಾಟರಿ ವಿಷಯ ಆಮೇಲೆ, ಮೊದಲು ಮಾರಿದವರ ಹತ್ರ ಮಾತಾಡಿ. ಫ್ಲ್ಯಾಶ್ ಕಾರ್ಟ್‌ನಲ್ಲಿ, ಅಂದ್ರೆ ಮೆಮೊರಿ ಕಾರ್ಡ್‌ನಿಂದ ಗೇಮ್ ಓಡಿಸೋ ಕಾರ್ಟ್ರಿಡ್ಜ್‌ನಲ್ಲಿ, ಆಡೋರಿಗೂ ಸೇವ್ ಹೋಗುತ್ತೆ, ಅಲ್ಲಿ ಸೇವ್ ಟೈಪ್ ಫ್ಲ್ಯಾಶ್‌ರ‍್ಯಾಮ್ ಅಂತ ಇದೆಯಾ ನೋಡಿ, ಎಸ್‌ರ‍್ಯಾಮ್ ಅಂತ ಇದ್ರೆ ಏನೂ ಉಳಿಯಲ್ಲ. ಹಳೇ ಮಾದರಿಯ ಕೆಲವು ಫ್ಲ್ಯಾಶ್ ಕಾರ್ಟ್‌ಗಳು ರೀಸೆಟ್ ಒತ್ತಿದಾಗ ಮಾತ್ರ ಸೇವ್‌ನ ಮೆಮೊರಿ ಕಾರ್ಡ್‌ಗೆ ಬರೀತವೆ, ಸೀದಾ ಪವರ್ ಆಫ್ ಮಾಡೋ ಅಭ್ಯಾಸ ಇದ್ರೆ ಅದನ್ನ ಬಿಡಿ.

ಕೊಳೆ, ಕಪ್ಪು ಸ್ಕ್ರೀನ್

ಕೆಂಪು ಲೈಟ್ ಉರೀತಿದೆ, ಸ್ಕ್ರೀನ್ ಕಪ್ಪು. ಲೈಟ್ ಉರಿದ್ರೆ ಪವರ್ ಬಂತು ಅಂತ ಅಷ್ಟೇ ಅರ್ಥ, ಕಾರ್ಟ್ರಿಡ್ಜ್ ಇಲ್ಲದಿದ್ರೂ ಅದು ಉರಿಯುತ್ತೆ. ಮೊದಲು ಕನ್ಸೋಲ್ ಮುಂದಿನ ಸಣ್ಣ ಮುಚ್ಚಳ ತೆಗೆದು ನೋಡಿ, ಅಲ್ಲಿ ಜಂಪರ್ ಪ್ಯಾಕ್ ಇಲ್ಲಾ ಎಕ್ಸ್‌ಪ್ಯಾನ್ಷನ್ ಪ್ಯಾಕ್, ಎರಡರಲ್ಲಿ ಒಂದು ಇರಲೇಬೇಕು, ಗಟ್ಟಿಯಾಗಿ ಕೂತಿರಬೇಕು. ಅದು ಖಾಲಿ ಇದ್ರೆ ಯಾವ ಗೇಮೂ ಶುರುವಾಗಲ್ಲ. ಸೆಕೆಂಡ್‌ಹ್ಯಾಂಡ್ ಕನ್ಸೋಲ್‌ಗಳಲ್ಲಿ ಎಕ್ಸ್‌ಪ್ಯಾನ್ಷನ್ ಪ್ಯಾಕ್ ಕಿತ್ಕೊಂಡು ಬೇರೆ ಮಾರಿ ಆ ಜಾಗ ಹಾಗೇ ಬಿಟ್ಟಿರೋದು ಬಹಳ ಸಲ ಆಗುತ್ತೆ, ಕೊಂಡವರು ಪಾಪ ಇಡೀ ಕನ್ಸೋಲೇ ಸತ್ತಿದೆ ಅಂದ್ಕೋತಾರೆ.

ಬೇರೆ ಗೇಮ್ ಬಂದು ಇದೊಂದೇ ಬರ್ತಿಲ್ಲ ಅಂದ್ರೆ ಎರಡು ಕಾರಣ ನೋಡಿ. ಒಂದು ರೀಜನ್, ಅಮೆರಿಕದ ಕಾರ್ಟ್ರಿಡ್ಜ್ ಯುರೋಪಿನ ಕನ್ಸೋಲ್‌ನಲ್ಲಿ ಓಡಲ್ಲ, ಒಳಗಿನ ಲಾಕ್‌ಔಟ್ ಚಿಪ್‌ಗಳು ಹೊಂದಲ್ಲ, ಲೈಟ್ ಉರಿಯುತ್ತೆ ಚಿತ್ರ ಬರಲ್ಲ. ಇನ್ನೊಂದು ಕೊಳೆ, ನೂರಕ್ಕೆ ತೊಂಬತ್ತು ಸಲ ಅನ್ನೋ ಹಾಗೆ ಅದೇ ಇರುತ್ತೆ. ಬಾಯಿಂದ ಊದೋ ಅಭ್ಯಾಸ ಎಲ್ರಿಗೂ ಇತ್ತು, ದಯವಿಟ್ಟು ಊದಬೇಡಿ, ಉಸಿರಿನ ತೇವ ಹೋಗಿ ಪಿನ್‌ಗಳ ಮೇಲೆ ಕೂತು ಕಾಲಕ್ರಮೇಣ ಅದೇ ಕಿಲುಬಾಗುತ್ತೆ. ಐಸೊಪ್ರೊಪೈಲ್ ಆಲ್ಕೋಹಾಲ್, 90 ಶೇಕಡಕ್ಕಿಂತ ಮೇಲಿಂದು, ಹತ್ತಿ ಸುತ್ತಿದ ಕಡ್ಡಿಗೆ ಹಚ್ಚಿ ಪಿನ್‌ಗಳ ಉದ್ದಕ್ಕೆ ಉಜ್ಜಿ. ಕಡ್ಡಿ ಕಪ್ಪಾಗೋದು ನಿಲ್ಲೋವರೆಗೂ ಬದಲಿಸ್ತಾ ಇರಿ, ಪೂರ್ತಿ ಒಣಗಿದ ಮೇಲೆ ಹಾಕಿ. ಕನ್ಸೋಲ್ ಒಳಗಿನ ಸ್ಲಾಟ್‌ನಲ್ಲೂ ಅಷ್ಟೇ ಕೊಳೆ ಇರುತ್ತೆ, ಕಾರ್ಟ್ರಿಡ್ಜ್ ಅಂಚಿಗೆ ಸ್ವಲ್ಪ ಆಲ್ಕೋಹಾಲ್ ಹಚ್ಚಿ ಪವರ್ ಇಲ್ಲದಿರೋವಾಗ ನಾಲ್ಕೈದು ಸಲ ಹಾಕಿ ತೆಗೆದ್ರೆ ಸ್ವಲ್ಪ ಮಟ್ಟಿಗೆ ಹೋಗುತ್ತೆ. ಬಿಚ್ಚಲೇಬೇಕು ಅಂದ್ರೆ ಕಾರ್ಟ್ರಿಡ್ಜ್‌ಗೆ 3.8 ಮಿಲಿಮೀಟರ್, ಕನ್ಸೋಲ್‌ಗೆ 4.5 ಮಿಲಿಮೀಟರ್ ಗೇಮ್‌ಬಿಟ್. ಪೆನ್ ಕರಗಿಸಿ ಮಾಡೋ ಉಪಾಯ ಬೇಡ, ಸ್ಕ್ರೂ ತಲೆ ಹಾಳಾಗುತ್ತೆ.

ರೆಸಲ್‌ಮೇನಿಯಾ 2000 ಬ್ಯಾಟರಿ ಬದಲಿಸೋರಿಗೆ ಇಷ್ಟೇ: ಹಳೇದು ತೆಗೆದ ಕ್ಷಣ ಸೇವ್ ಹೋಗುತ್ತೆ, ಇನ್ನೂ ಉಳಿದಿದ್ರೆ ಮೊದಲೇ ಪ್ರತಿ ತೆಗೆದಿಟ್ಕೊಳ್ಳಿ. ಕಾಲು ಇರೋ ಸಿಆರ್2032 ತಗೊಳ್ಳಿ, ಬರೀ ಬ್ಯಾಟರಿ ಮೇಲೆ ನೇರವಾಗಿ ಬೆಸುಗೆ ಹಾಕಬೇಡಿ, ಬಿಸಿಗೆ ಒಡೆಯೋ ಅಪಾಯ ಇದೆ. ಪ್ಲಸ್ ಮೈನಸ್ ಫೋಟೊ ತೆಗೆದು ಆಮೇಲೆ ಕೈ ಹಾಕಿ.

ಫಿನಿಷರ್ ಬರ್ತಿಲ್ಲ, ರಿವರ್ಸಲ್ ಸಿಗ್ತಿಲ್ಲ

ಸೇವ್ ಬಿಟ್ರೆ ಜನ ಅತಿ ಹೆಚ್ಚು ಕೇಳೋದು ಇದನ್ನೇ. ಫಿನಿಷರ್ ಅಂದ್ರೆ ಪಂದ್ಯ ಮುಗಿಸೋಕೆ ಇರೋ ರೆಸ್ಲರ್‌ನ ದೊಡ್ಡ ಮೂವ್, ರಿವರ್ಸಲ್ ಅಂದ್ರೆ ಎದುರಾಳಿಯ ಮೂವ್‌ನ ತಡೆದು ತಿರುಗಿಸೋದು. ಈ ಗೇಮ್‌ಗಳಲ್ಲಿ ರೆಸ್ಲರ್ ನಡೆಯೋದು ಡಿ-ಪ್ಯಾಡ್‌ನಿಂದ, ಎ ಬಟನ್ ತಟ್ಟಿ ಬಿಟ್ರೆ ಹಗುರ ಹಿಡಿತ, ಒತ್ತಿ ಹಿಡಿದ್ರೆ ಬಲವಾದ ಹಿಡಿತ. ಅನಲಾಗ್ ಸ್ಟಿಕ್‌ಗೆ ಬೇರೆ ಕೆಲಸ ಇದೆ. ಮೀಟರ್ ತುಂಬಿದಾಗ ಸ್ಟಿಕ್‌ನಿಂದ ಟಾಂಟ್ (ಎದುರಾಳಿನ ಕೆಣಕೋ ಸನ್ನೆ) ಮಾಡಿದ್ರೆ ಸ್ಪೆಷಲ್ ಶುರುವಾಗುತ್ತೆ, ಸ್ಪೆಷಲ್ ಇರೋವಾಗ ಬಲವಾದ ಹಿಡಿತ ಹಾಕಿ ಮತ್ತೆ ಸ್ಟಿಕ್ ತಳ್ಳಿದ್ರೆ ಫಿನಿಷರ್. ಅಂದ್ರೆ ಸ್ಟಿಕ್ ಸವೆದಿದ್ರೂ ನಡೆಯೋದು, ಹೊಡೆಯೋದು, ಹಿಡಿಯೋದು ಎಲ್ಲಾ ಸರಿಯಾಗೇ ಇರುತ್ತೆ, ಕೊನೇ ಕ್ಷಣದ ಸ್ಟೋನ್ ಕೋಲ್ಡ್ ಸ್ಟನ್ನರ್ ಒಂದೇ ಬರಲ್ಲ. ಅದಕ್ಕೇ ಕಂಟ್ರೋಲರ್ ಮೇಲೆ ಯಾರಿಗೂ ಅನುಮಾನ ಬರಲ್ಲ, ಗೇಮ್ ಮೋಸ ಮಾಡ್ತಿದೆ ಅನ್ಸುತ್ತೆ.

ಪತ್ತೆ ಮಾಡೋದು ಸುಲಭ. ಪಂದ್ಯ ಶುರು ಮಾಡಿ, ಎದುರಾಳಿಯಿಂದ ದೂರ ನಿಂತು, ಸ್ಟಿಕ್‌ನ ನಾಲ್ಕೂ ದಿಕ್ಕಿಗೆ ಒಂದೊಂದಾಗಿ ತಳ್ಳಿ. ಟಾಂಟ್ ಪ್ರತಿ ಸಲ ಬರಬೇಕು. ಒಂದು ದಿಕ್ಕಿಗೆ ಬಂದು ಇನ್ನೊಂದಕ್ಕೆ ಬರದಿದ್ರೆ, ಅಥವಾ ಕೈ ಬಿಟ್ಟಾಗ ಸ್ಟಿಕ್ ನಡುವೆ ನಿಲ್ಲದೆ ಸಡಿಲವಾಗಿ ವಾಲಿದ್ರೆ ಸವೆದಿದೆ ಅಂತ. ಒಳಗೆ ಪ್ಲಾಸ್ಟಿಕ್ ಬಟ್ಟಲಿನ ಮೇಲೆ ಪ್ಲಾಸ್ಟಿಕ್ ಕಾಂಡ ಉಜ್ಜುತ್ತೆ, ಬಿಚ್ಚಿದ್ರೆ ಬಿಳೀ ಪುಡಿ ಸಿಗುತ್ತೆ, ಆ ಪುಡಿನೇ ಸವೆದುಹೋದ ಸ್ಟಿಕ್. ಬಿಚ್ಚೋಕೆ ಮುಂಚೆ ಒಂದು ಕೆಲಸ ಮಾಡಿ: ಎಲ್, ಆರ್, ಸ್ಟಾರ್ಟ್ ಮೂರೂ ಒಟ್ಟಿಗೆ ಒತ್ತಿ. ಈ ಕಂಟ್ರೋಲರ್ ಆನ್ ಆದ ಕ್ಷಣದಲ್ಲಿ ಸ್ಟಿಕ್ ಎಲ್ಲಿದೆಯೋ ಅದನ್ನೇ ನಡು ಅಂತ ತಿಳ್ಕೊಳ್ಳುತ್ತೆ, ಆಗ ನಿಮ್ಮ ಬೆರಳು ಸ್ಟಿಕ್ ಮೇಲಿದ್ರೆ ಆಟ ಪೂರ್ತಿ ಲೆಕ್ಕ ತಪ್ಪಿರುತ್ತೆ, ಈ ಮೂರು ಬಟನ್ ಅದನ್ನ ಸರಿ ಮಾಡುತ್ತೆ. ಇದರಿಂದ ಸರಿಹೋದ್ರೆ ಖರ್ಚಿಲ್ಲದೆ ಮುಗೀತು.

ಸರಿಹೋಗದಿದ್ರೆ ಬಟ್ಟಲು ಮತ್ತು ಕಾಂಡದ ಹೊಸ ಬಿಡಿಭಾಗ ಹಾಕಿ. ಗ್ರೀಸ್ ಹಚ್ಚಿದ್ರೆ ನುಣುಪಾಗುತ್ತೆ, ಸವೆದ ಪ್ಲಾಸ್ಟಿಕ್ ವಾಪಸ್ ಬರಲ್ಲ. ಗೇಮ್‌ಕ್ಯೂಬ್ ಥರದ ಬದಲಿ ಸ್ಟಿಕ್‌ಗಳನ್ನ ತುಂಬಾ ಸೂಕ್ಷ್ಮ ಅಂತ ಶೂಟಿಂಗ್ ಗೇಮ್ ಆಡೋರು ಬೈತಾರೆ, ಅವರಿಗೆ ಅದು ನ್ಯಾಯ, ಕುಸ್ತಿ ಗೇಮ್‌ಗೆ ಮಾತ್ರ ಅದು ಧಾರಾಳ ಸಾಕು, ಇಲ್ಲಿ ಬೇಕಾಗಿರೋದು ಒಂದು ಗಟ್ಟಿ ತಳ್ಳು ಅಷ್ಟೇ.

ರಿವರ್ಸಲ್ ಸಿಗ್ತಿಲ್ಲ ಅನ್ನೋದಕ್ಕೆ ಕಂಟ್ರೋಲರ್‌ಗಿಂತ ಟಿವಿ ಮೇಲೆ ನನ್ನ ಅನುಮಾನ ಜಾಸ್ತಿ. ಎದುರಾಳಿ ಕೈ ಎತ್ತಿದ ಕ್ಷಣಕ್ಕೆ ಬಟನ್ ಒತ್ತಬೇಕು, ಎಷ್ಟೋ ವರ್ಷದ ಹಿಂದೆ ಬೆರಳು ಕಲಿತ ಲಯ ಅದು. ಹೊಸ ಟಿವಿಗಳು ಈ ಹಳೇ ಸಿಗ್ನಲ್‌ನ ಹಿಗ್ಗಿಸಿ ತಿದ್ದಿ ತೋರಿಸೋವಷ್ಟರಲ್ಲಿ ಸಮಯ ಹೋಗಿರುತ್ತೆ, ಸೆಕೆಂಡಿಗೆ 60 ಫ್ರೇಮ್ ಲೆಕ್ಕದಲ್ಲಿ ಒಂದು ಫ್ರೇಮ್ ಅಂದ್ರೆ 16.7 ಮಿಲಿಸೆಕೆಂಡ್, ಕೆಲವು ಟಿವಿ ಐದಾರು ಫ್ರೇಮ್ ನುಂಗಿಬಿಡುತ್ತೆ. ನೀವು ನೋಡಿ ಒತ್ತೋವಷ್ಟರಲ್ಲಿ ಆಚೆ ಕಡೆ ಹೊಡೆತ ಬಿದ್ದಾಗಿದೆ. ಟಿವಿಯಲ್ಲಿ ಗೇಮ್ ಮೋಡ್ ಹಾಕಿ ನೋಡಿ, ಸಿಕ್ಕಿದ್ರೆ ಹಳೇ ಪಿಕ್ಚರ್ ಟ್ಯೂಬ್ ಟಿವಿಗೆ ಜೋಡಿಸಿ ಅದೇ ಪಂದ್ಯ ಆಡಿ. ಅಲ್ಲಿ ಸಲೀಸಾಗಿ ಸಿಕ್ಕಿದ್ರೆ ಬೆರಳೂ ಸರಿ ಇದೆ, ಕಂಟ್ರೋಲರೂ ಸರಿ ಇದೆ.

ರಿಂಗ್‌ನಲ್ಲಿ ನಾಲ್ಕು ಜನ ಇದ್ದಾಗ ಆಟ ನಿಧಾನ ಆಗೋದು ದೋಷ ಅಲ್ಲ, ನೋ ಮರ್ಸಿ ಮೊದಲ ದಿನದಿಂದಲೂ ಹಾಗೇ, ಯಾವ ರಿಪೇರಿಯಿಂದಲೂ ಹೋಗಲ್ಲ. ಬಿಗ್ ಶೋ ಕಾಣ್ತಿಲ್ಲ, ಸೇವ್ ಕೆಟ್ಟಿದೆಯಾ ಅಂತಾನೂ ಕೇಳ್ತಾರೆ, ಇಲ್ಲ, ಆತ ಈ ಗೇಮ್‌ನ ಪಟ್ಟಿಯಲ್ಲೇ ಇಲ್ಲ. ಆಂಡ್ರೆ ದ ಜೈಂಟ್ ಮತ್ತು ಶಾನ್ ಮೈಕಲ್ಸ್ ಕಾಣದಿದ್ರೆ ಅದು ಬೇರೆ, ಅವರನ್ನ ಅನ್‌ಲಾಕ್ ಮಾಡಬೇಕು, ಮಾಡಿದ ಮೇಲೂ ಮಾಯ ಆಗಿದ್ರೆ ಮೇಲೆ ಹೇಳಿದ ಸೇವ್ ಪರೀಕ್ಷೆಗೆ ವಾಪಸ್ ಹೋಗಿ.

ರೀಡರ್ ಇಲ್ಲದವರಿಗೆ

ರೆಸ್ಲರ್ ಕಟ್ಟೋ ಎಡಿಟ್ ಸ್ಕ್ರೀನ್‌ಗಳನ್ನ ಒಂದೊಂದಾಗಿ ಫೋನ್‌ನಲ್ಲಿ ಫೋಟೊ ತೆಗೆದಿಡಿ. ಮುಖ, ಮೈಕಟ್ಟು, ಉಡುಪಿನ ಪ್ರತಿ ಭಾಗದ ನಂಬರ್, ಬಣ್ಣ, ಆಮೇಲೆ ಮೂವ್‌ಗಳ ಪಟ್ಟಿ, ಮೂವ್‌ಗಳಿಗೇ ಜಾಸ್ತಿ ಫೋಟೊ ಬೇಕು, ಹಗುರ ಹಿಡಿತ, ಬಲವಾದ ಹಿಡಿತ, ಮುಂದಿನಿಂದ, ಹಿಂದಿನಿಂದ, ಮೂಲೆಯಲ್ಲಿ, ಬಿದ್ದಾಗ, ಎಲ್ಲಾ ಬೇರೆ ಬೇರೆ. ಹೆಸರಿಗಿಂತ ಸ್ಕ್ರೀನ್‌ನಲ್ಲಿ ಕಾಣೋ ನಂಬರ್ ಸ್ಪಷ್ಟವಾಗಿ ಬಂದಿದೆಯಾ ನೋಡ್ಕೊಳ್ಳಿ, ಹಳೇ ಟಿವಿಯ ಫೋಟೊದಲ್ಲಿ ಅಡ್ಡಪಟ್ಟಿ ಬಿದ್ದು ಅದೇ ಮುಚ್ಚಿಹೋಗಿರುತ್ತೆ. ಒಬ್ಬ ರೆಸ್ಲರ್‌ಗೆ ಒಂದು ಫೋಲ್ಡರ್ ಮಾಡಿ.

ನನ್ನ ಕಾರ್ಟ್ರಿಡ್ಜ್ ಮೊದಲ ಬ್ಯಾಚಿಂದೇ, ಇನ್ನೂ ಅದರಲ್ಲೇ ಆಡ್ತೀನಿ, ಚಿಕ್ಕವನಿದ್ದಾಗಿನದು, ಬಿಡೋಕೆ ಮನಸ್ಸಿಲ್ಲ. ಹೋದ ಸಲ ಅಳಿಸಿದಾಗ ಫೋಲ್ಡರ್ ತೆಗೆದು ಪಕ್ಕದಲ್ಲಿಟ್ಕೊಂಡು ಕೂತೆ, ಮೊದಲು ಮೂರು ರಾತ್ರಿ ಹಿಡಿದಿದ್ದ ರೆಸ್ಲರ್ ಮುಕ್ಕಾಲು ಗಂಟೆಯಲ್ಲಿ ರಿಂಗ್‌ಗೆ ವಾಪಸ್ ಬಂದ, ಅದೇ ಬೂಟು, ಅದೇ ಫಿನಿಷರ್.